ಕರೆದ ಮೇಲೆ ಬೇಡ ಅನ್ನುವುದು



ನಮ್ಮ ಜವಳಗೇರಾ, ಸಿಂಧನೂರು, ಮಾನ್ವಿ ಕಡೆ ಲಗ್ನಕ್ಕೆ ಕರೆಯುವುದೆಂದರೆ ಬರೀ ಪತ್ರಿಕೆ ಕೊಟ್ಟು ಬರುವುದಲ್ಲ. ಮೊದಲ ಪತ್ರಿಕೆ ಮನೆದೇವರಿಗೆ. ಆಮೇಲೆ ಗಂಡ ಹೆಂಡತಿ ಜೋಡಿಯಾಗಿ ಹೊರಟು ಹೊಸ್ತಿಲು ಹೊಸ್ತಿಲು ತುಳಿದು, ಮನೆಯ ಹೆಣ್ಣುಮಕ್ಕಳಿಗೆ ಕುಂಕುಮ ಹಚ್ಚಿ, "ಎಲ್ಲಾರೂ ಬರ್ರಿ, ಅವತ್ತ ಒಲಿ ಹಚ್ಚಬ್ಯಾಡ್ರಿ" ಎಂದು ಬಾಯಿತುಂಬ ಹೇಳಬೇಕು. ಆಗಲೇ ಅದು ಕರೆ. ಗಂಡಸು ಒಬ್ಬನೇ ಬಂದು ಕಟ್ಟೆಯ ಮೇಲೆ ಪತ್ರಿಕೆ ಇಟ್ಟು ಹೋದರೆ "ಪತ್ರಿಕಿ ಬಂದೈತಿ, ಕರಿ ಬಂದಿಲ್ಲ" ಅನ್ನುವ ಹಿರಿಯಳು ಪ್ರತಿ ಮನೆಯಲ್ಲೂ ಒಬ್ಬಳು ಇದ್ದೇ ಇರುತ್ತಾಳೆ. ಅಕಸ್ಮಾತ್ ಒಂದು ಮನೆ ಮರೆತು ಬಿಟ್ಟಿರೋ, ಆ ಮಾತು ನಿಮ್ಮ ಮೊಮ್ಮಕ್ಕಳ ಲಗ್ನದ ತನಕ ನಡೆಯುತ್ತದೆ.

ಕರೆಯುವುದೇ ಇಷ್ಟು ದೊಡ್ಡ ಕೆಲಸವಾದರೆ, ಕರೆದವರ ಮನೆಗೆ ಮತ್ತೆ ಹೋಗಿ "ನೀವು ಬರಬೇಡಿ" ಅನ್ನುವುದು ಹೇಗೆ? ನನ್ನ ಅತ್ತೆಯವರ ಕಾಲದಲ್ಲಿ ಈ ಪ್ರಶ್ನೆಯೇ ಇರಲಿಲ್ಲ. ಲಗ್ನವೇ ಮುರಿದು ಬಿದ್ದರೆ ಬೇರೆ ಮಾತು. ಇಲ್ಲಾಂದ್ರೆ ಕರೆದವರು ಬರುತ್ತಾರೆ, ಉಣ್ಣುತ್ತಾರೆ, ಕೊಂಕು ಹುಡುಕುತ್ತಾರೆ, ಹೋಗುತ್ತಾರೆ. ಬೇಡದವರು ಬಂದರೂ ಎಲೆ ಹಾಕುವುದೇ ಗೃಹಿಣಿಯ ಧರ್ಮ ಎಂದು ನಮಗೆಲ್ಲ ಕಲಿಸಿದ್ದಾರೆ.

ಆದರೆ 2020 ಮತ್ತು 2021ರಲ್ಲಿ ಕರ್ನಾಟಕದ ಎಷ್ಟೋ ಮನೆಗಳು ಕರೆದವರನ್ನು ಬೇಡ ಅನ್ನಬೇಕಾಯಿತು. ಕೊರೊನಾ ಅನ್ನುವ ಹೆಸರು ತೆಗೆದರೆ ಈಗ ಯಾರಿಗೂ ಕೇಳುವ ಮನಸ್ಸಿಲ್ಲ, ನನಗೂ ಇಲ್ಲ. ಆದರೂ ಈ ಒಂದು ವಿಷಯಕ್ಕೆ ಅಲ್ಲಿಂದಲೇ ಶುರು ಮಾಡಬೇಕು.

ನಿಮಗೆ ನೆನಪಿರಬಹುದು. ಮಾಜಿ ಮುಖ್ಯಮಂತ್ರಿ ಎಚ್.ಡಿ. ಕುಮಾರಸ್ವಾಮಿಯವರು ಮಗ ನಿಖಿಲ್ ಅವರ ಲಗ್ನವನ್ನು ರಾಮನಗರದ ಹತ್ತಿರ ಭಾರೀ ಜನ ಸೇರಿಸಿ ಮಾಡಬೇಕೆಂದಿದ್ದರು. ಅಷ್ಟರಲ್ಲಿ ಲಾಕ್‌ಡೌನ್ ಬಂತು. ಕಡೆಗೆ 2020ರ ಏಪ್ರಿಲ್ 17ರಂದು ಬಿಡದಿ ಹತ್ತಿರದ ತೋಟದ ಮನೆಯಲ್ಲಿ ಮನೆಯವರ ಮಟ್ಟಿಗೆ ಎಂದು ಮುಗಿಸಿದರು. ಬರಬೇಡಿ, ಇದ್ದಲ್ಲಿಂದಲೇ ಹರಸಿ ಎಂದು ಕಾರ್ಯಕರ್ತರನ್ನು ಅವರೇ ಕೇಳಿಕೊಂಡಿದ್ದರು. ಅಷ್ಟು ಮಾಡಿದರೂ ಟೀಕೆ ತಪ್ಪಲಿಲ್ಲ, ಆ ಮಾತು ಇರಲಿ. ನಾನು ಹೇಳುವುದು ಏನೆಂದರೆ, ದೊಡ್ಡವರು ಟಿವಿಯಲ್ಲಿ ಒಂದು ಮಾತು ಹೇಳಿದರೆ ಅದು ಸಾವಿರಾರು ಜನಕ್ಕೆ ಒಂದೇ ಸಲ ಮುಟ್ಟುತ್ತದೆ. ಇವನು ಬೇಡ, ಅವನು ಬೇಕು ಎಂದು ಹೆಸರು ಹಿಡಿದು ಹೇಳುವ ಕಷ್ಟ ಅಲ್ಲಿಲ್ಲ. ನಮ್ಮಂಥವರ ಮನೆಯಲ್ಲಿ ಹಾಗಲ್ಲ. ನಾವು ಪಟ್ಟಿ ಹಿಡಿದು ಕುಳಿತುಕೊಳ್ಳಬೇಕು. ಒಂದೊಂದೇ ಹೆಸರಿಗೆ ಗೀಟು ಹಾಕಬೇಕು.

ಆ ಗೀಟು ಯಾರ ಹೆಸರಿನ ಮೇಲೆ ಮೊದಲು ಬೀಳುತ್ತದೆ? ನಾನು ಕಣ್ಣಾರೆ ಕಂಡ ಒಂದು ಮನೆಯ ಸಂಗತಿ ಹೇಳುತ್ತೇನೆ. ಆಕೆ ನನ್ನ ಗೆಳತಿ. ಬರೆಯಲು ತಾಯಿಯೂ ಮಗಳೂ ಒಪ್ಪಿದ್ದಾರೆ, ಹೆಸರು ಮತ್ತು ಊರು ಮಾತ್ರ ಬೇಡ ಎಂದಿದ್ದಾರೆ.

2021ರ ಏಪ್ರಿಲ್‌ನಲ್ಲಿ ಲಗ್ನಕ್ಕೆ 50 ಜನ ಎಂದು ಸರ್ಕಾರ ಹೇಳಿತ್ತು. ಮೇ 10ರಿಂದ ಲಾಕ್‌ಡೌನ್ ಬಿಗಿಯಾದಾಗ, ಮೊದಲೇ ನಿಶ್ಚಯವಾಗಿದ್ದ ಲಗ್ನಗಳಿಗೆ 40 ಎಂದಿತು. ನಮ್ಮ ಕಡೆ ಅದು ಲಗ್ನದ ಸುಗ್ಗಿ. ತುಂಗಭದ್ರಾ ಎಡದಂಡೆ ಕಾಲುವೆಯ ಬೇಸಿಗೆ ಭತ್ತ ಕಟಾವಾಗಿ ಕೈಯಲ್ಲಿ ನಾಲ್ಕು ರೊಕ್ಕ ಆಡುವ ಹೊತ್ತು. ಆ ವರ್ಷ ಮೇ 14ಕ್ಕೆ ಬಸವ ಜಯಂತಿ, ಅಕ್ಷಯ ತೃತೀಯ ಕೂಡಿ ಬಂದಿದ್ದವು. ನನ್ನ ಗೆಳತಿಯ ಹಿರಿಯ ಮಗಳ ಲಗ್ನ ಅದೇ ವಾರ. 600 ಪತ್ರಿಕೆ ಹಂಚಿ ಆಗಿತ್ತು. ಹಂದರಕ್ಕೆ ಹೇಳಿ ಆಗಿತ್ತು.

"ಯಕ್ಕಾ, ಆರುನೂರು ಮನಿ ತುಳದೀನಿ. ಈಗ ನಲವತ್ತು ಮಂದಿ ಅಂದ್ರ ಯಾರನ್ನ ಬಿಡ್ಲಿ, ಯಾರನ್ನ ಹಿಡೀಲಿ?" ಎಂದು ಫೋನಿನಲ್ಲಿ ಅತ್ತಳು. ನಾನು ಮುಖಕ್ಕೆ ಸೆರಗು ಕಟ್ಟಿಕೊಂಡು ಹಿತ್ತಲ ದಾರಿಯಿಂದ ಅವಳ ಮನೆಗೆ ಹೋದೆ.

ನಲವತ್ತರಲ್ಲಿ ಬೀಗರಿಗೆ 20 ಕೊಡಲೇಬೇಕು. ಉಳಿದ 20ರಲ್ಲಿ ಅಯ್ಯನವರು, ಅಡುಗೆಯವರು, ಫೋಟೋ ತೆಗೆಯುವ ಹುಡುಗ ಇವರನ್ನು ಲೆಕ್ಕಕ್ಕೆ ಹಿಡಿಯಬೇಕೋ ಬೇಡವೋ ಎಂದು ಗಂಡಸರು ಅರ್ಧ ದಿನ ಜಗಳವಾಡಿದರು. ಮಧ್ಯಾಹ್ನದ ಹೊತ್ತಿಗೆ ಪಟ್ಟಿ ತಯಾರಾಯಿತು. ನಾನು ಕನ್ನಡಕ ಹಾಕಿಕೊಂಡು ನೋಡಿದೆ. ಭತ್ತ ಹಾಕುವ ದಲಾಲಿ ಅಂಗಡಿಯ ಸಾವ್ಕಾರರು ಇದ್ದರು, ಅವರ ತಮ್ಮನೂ ಇದ್ದ. ಪಂಚಾಯ್ತಿಯ ಒಬ್ಬ ಹಿರಿಯರಿದ್ದರು. ಚಿಗವ್ವನ ಹೆಸರಿಗೆ ಗೀಟು ಬಿದ್ದಿತ್ತು.

ಈ ಚಿಗವ್ವ ನನ್ನ ಗೆಳತಿಯ ತಾಯಿಯ ತಂಗಿ. 30ರ ಆಸುಪಾಸಿಗೆ ಗಂಡನನ್ನು ಕಳೆದುಕೊಂಡು, ಒಬ್ಬ ಮಗನನ್ನು ಕೂಲಿ ಮಾಡಿ ಬೆಳೆಸಿದ ಹೆಣ್ಣುಮಗಳು. ಗೆಳತಿಯ ಎರಡೂ ಬಾಣಂತನ ಮಾಡಿದ್ದು ಇದೇ ಚಿಗವ್ವ. ಮದುಮಗಳನ್ನು ಕಾಲ ಮೇಲೆ ಮಲಗಿಸಿಕೊಂಡು ಎರೆದವಳು, ಹಾಲು ಕುಡಿಯದಿದ್ದಾಗ ರಾತ್ರಿಯೆಲ್ಲ ಹೆಗಲ ಮೇಲೆ ಹಾಕಿಕೊಂಡು ಅಂಗಳ ಸುತ್ತಿದವಳು.

"ಚಿಗವ್ವನ್ನ ಯಾಕ ಬಿಟ್ಟೀರಿ?" ಎಂದೆ.

"ಆಕಿ ಏನೂ ಅನ್ನಂಗಿಲ್ಲ ಬಿಡು ಯಕ್ಕಾ, ತಿಳಕೊಂತಾಳ. ಹೆಂಗೂ ಆಕಿ ಹಂದರದಾಗ ಮುಂದ ಬರಂಗಿಲ್ಲ."

ಎರಡು ಮಾತು. ಎರಡೂ ನಮ್ಮ ಮನೆಗಳಲ್ಲಿ ದಿನಾ ಕೇಳುವಂಥವೇ. ಮೊದಲನೆಯದನ್ನೇ ನೋಡಿ. ತಿಳಿದುಕೊಳ್ಳುವವರನ್ನು ಬಿಡುತ್ತೇವೆ, ರಂಪ ಮಾಡುವವರನ್ನು ಇಟ್ಟುಕೊಳ್ಳುತ್ತೇವೆ. ಸಾವ್ಕಾರ ಸಿಟ್ಟಾದರೆ ಮುಂದಿನ ಬೆಳೆಗೆ ಮುಂಗಡ ಸಿಗುವುದಿಲ್ಲ, ಚಿಗವ್ವ ನೊಂದರೆ ಒಳಗೆ ಹೋಗಿ ಅಳುತ್ತಾಳೆ, ಅಷ್ಟೇ. ಹೀಗಾಗಿ ಜಾಗ ಕಡಿಮೆ ಬಿದ್ದಾಗಲೆಲ್ಲ ನಮ್ಮ ಪಟ್ಟಿಯಿಂದ ಮೊದಲು ಜಾರುವವರು ಗಂಡನಿಲ್ಲದವರು, ಬಡವರು, ಬಾಯಿಲ್ಲದವರು.

ಎರಡನೆಯ ಮಾತಿನ ಬಗ್ಗೆ ನನಗೆ ಇನ್ನೂ ಸಿಟ್ಟಿದೆ. ಬಾಣಂತನಕ್ಕೆ ಬೇಕು, ಹಪ್ಪಳ ಸಂಡಿಗೆಗೆ ಬೇಕು, ಅರಿಶಿಣ ಕುಟ್ಟುವಾಗ ಮಾತ್ರ ಮುತ್ತೈದೆಯರು ಮುಂದೆ ಬರ್ರಿ! ಮಂಗಳೂರಿನ ಕುದ್ರೋಳಿ ಗೋಕರ್ಣನಾಥೇಶ್ವರ ದೇವಸ್ಥಾನದಲ್ಲಿ 2013ರಲ್ಲಿ ಗಂಡನನ್ನು ಕಳೆದುಕೊಂಡ ಇಬ್ಬರು ಹೆಣ್ಣುಮಕ್ಕಳನ್ನು ಅರ್ಚಕರನ್ನಾಗಿಯೇ ನೇಮಿಸಿದರು. ದೇವರಿಗೆ ಆರತಿ ಎತ್ತಬಹುದಾದ ಕೈ ಮೊಮ್ಮಗಳ ತಲೆಯ ಮೇಲೆ ಅಕ್ಕಿಕಾಳು ಹಾಕಬಾರದೇ?

ಜನ ಕಡಿಮೆ ಮಾಡಲೇಬೇಕಾದಾಗ ನನ್ನ ಮಾತು ಇಷ್ಟು. ಯಾರು ಬಾರದೆ ಹೋದರೆ ಮದುಮಗಳ ಕಣ್ಣು ಹಂದರದ ತುಂಬ ಹುಡುಕಾಡುತ್ತದೆಯೋ ಅವರು ಇರಲಿ. ಮಿಕ್ಕವರಿಗೆ ಹೇಳುವ ಕೆಲಸವನ್ನು ಮಕ್ಕಳ ಕೈಗೆ, ವಾಟ್ಸಾಪ್ ಕೈಗೆ ಕೊಡಬೇಡಿ. ಕರೆದವಳು ನೀವು, ಬೇಡ ಅನ್ನುವವಳೂ ನೀವೇ ಆಗಬೇಕು. ಸಾವ್ಕಾರರಿಗೆ ನನ್ನ ಗೆಳತಿಯ ಗಂಡ ಹಾಗೆಯೇ ತಾನೇ ಫೋನು ಮಾಡಿ ಹೇಳಿದ. ಅವರು ಸಿಟ್ಟಾಗುವುದಿರಲಿ, "ಛಲೋ ಆತು ಬಿಡಪಾ, ನಮ್ಮ ಮನ್ಯಾಗೂ ಹೊರಗ ಕಳಸಂಗಿಲ್ಲ ಅನ್ನಾಕತ್ತಿದ್ರು" ಎಂದರಂತೆ. ಹೆದರಿದ್ದೆಲ್ಲ ದಂಡ!

ಅಡುಗೆಯ ಮಾತೂ ಹೇಳಿಬಿಡುತ್ತೇನೆ, ಯಾಕೆಂದರೆ ಸಣ್ಣ ಲಗ್ನಕ್ಕೆ ಹುಗ್ಗಿಯ ಅಳತೆ ಎಷ್ಟು ಎಂದು ನನ್ನನ್ನು ಈಗಲೂ ಕೇಳುವವರಿದ್ದಾರೆ. ನಲವತ್ತು ಜನಕ್ಕೆ ಕುಟ್ಟಿದ ಗೋಧಿ ಎರಡೂವರೆ ಕಿಲೋ, ಬೆಲ್ಲ ಮೂರು ಕಿಲೋ, ಒಣಕೊಬ್ಬರಿ ಅರ್ಧ ಕಿಲೋ, ಗಸಗಸೆ 50 ಗ್ರಾಂ, ಏಲಕ್ಕಿ ಮತ್ತು ಒಣಶುಂಠಿ ನಿಮ್ಮ ಕೈಯಳತೆ. ಗೋಧಿ ಹಿಸುಕಿದರೆ ಬೆರಳಿಗೆ ಅಂಟಬೇಕು, ಅಲ್ಲಿಯ ತನಕ ಬೆಲ್ಲ ಹಾಕಬೇಡಿ. ಬೆಲ್ಲ ಬಿದ್ದ ಮೇಲೆ ಗೋಧಿ ಬೇಯುವುದಿಲ್ಲ. ಆ ದಿನ ನಾವು ನಾಲ್ಕು ಹೆಂಗಸರೇ ಇದಕ್ಕೆ ಎರಡು ಪಟ್ಟು ಮಾಡಿದೆವು. ಹೆಚ್ಚಿನದನ್ನು ಡಬ್ಬಿಗೆ ತುಂಬಿ, ಬರಬೇಡಿ ಎಂದು ಹೇಳಿಸಿಕೊಂಡಿದ್ದ ಓಣಿಯ ಮನೆಗಳ ಬಾಗಿಲಿಗೆ ಇಟ್ಟು ಬಂದೆವು. ಉಣ್ಣಲು ಕರೆದು ಊಟ ತಪ್ಪಿಸಿದ ಹಾಗೆ ಆಗಬಾರದು, ನೋಡಿ.

ಈಗ ಮುಖ್ಯ ಮಾತಿಗೆ ಬರುತ್ತೇನೆ.

ಪಟ್ಟಿಯನ್ನು ಮದುಮಗಳು ನೋಡಿದ್ದು ಆ ಸಂಜೆ. ಡಿಗ್ರಿ ಮುಗಿಸಿ ಖಾಸಗಿ ಶಾಲೆಯಲ್ಲಿ ಪಾಠ ಹೇಳುತ್ತಿದ್ದ ಹುಡುಗಿ, ಆಗ ಅವಳಿಗೆ 24. ಪೆನ್ನು ತಗೊಂಡು ಚಿಗವ್ವನ ಹೆಸರನ್ನು ಮತ್ತೆ ಬರೆದಳು, ಚಿಗವ್ವನ ಮಗನ ಹೆಸರನ್ನೂ ಸೇರಿಸಿದಳು. ಅದು ಸರಿ. ಆಮೇಲೆ ಮೇಲಿನಿಂದ ಮೂರನೆಯ ಹೆಸರಿಗೆ ಗೀಟು ಹಾಕಿದಳು. ಅದು ಸೋದರಮಾವನ ಹೆಸರು, ನನ್ನ ಗೆಳತಿಯ ಒಡಹುಟ್ಟಿದ ಅಣ್ಣನದು.

ಲಗ್ನದಲ್ಲಿ ಸೋದರಮಾವ ಎಂದರೆ ಏನು ಎಂದು ನಿಮಗೆ ನಾನು ಹೇಳಬೇಕಾಗಿಲ್ಲ. ಜಾತಿಯಿಂದ ಜಾತಿಗೆ ಪದ್ಧತಿ ಸ್ವಲ್ಪ ಬೇರೆಯಾದೀತು, ಆದರೆ ಬಾಸಿಂಗ ಕಟ್ಟುವಲ್ಲಿ, ಮದುಮಗಳನ್ನು ಹಂದರಕ್ಕೆ ಕರೆತರುವಲ್ಲಿ, ಆಯೇರಿಯಲ್ಲಿ, ಎಲ್ಲಾ ಕಡೆ ಅವನೇ ಮುಂದು. ಪತ್ರಿಕೆಯಲ್ಲಿ ಅವನ ಹೆಸರು ಅಚ್ಚಾಗಿತ್ತು.

"ಹುಚ್ಚೇನ ನಿನಗ? ಮಾವ ಇಲ್ಲದ ಲಗ್ನ ಆಗ್ತದೇನು?" ಎಂದು ತಾಯಿ ಬೈದಳು.

ಮಗಳು ಕೂಗಾಡಲಿಲ್ಲ. "ಯವ್ವಾ, ತವರಮನಿಗೆ ಹೋದಾಗ ನಾ ಮಾಳಿಗಿ ಮ್ಯಾಲ ಮಲಗೂದು ಯಾಕ ಬಿಟ್ಟೆ ಅಂತ ನೀ ಒಂದಿನಾನೂ ಕೇಳಲಿಲ್ಲ" ಎಂದಳು. ಅಷ್ಟೇ.

2011ರ ಬೇಸಿಗೆ ರಜೆ. ಹುಡುಗಿಗೆ 14 ವರ್ಷ. ಅದಾದ ಮೇಲೆ ಪ್ರತಿ ಬೇಸಿಗೆಯಲ್ಲೂ ತವರಿಗೆ ಹೊರಟಾಗ ಮಗಳಿಗೆ ಹೊಟ್ಟೆನೋವು ಬರುತ್ತಿತ್ತು, ಪರೀಕ್ಷೆಗೆ ಓದಬೇಕಾಗುತ್ತಿತ್ತು. ಗೆಳತಿಗೆ ಆ ಹತ್ತು ಬೇಸಿಗೆಗಳು ಒಮ್ಮೆಲೇ ನೆನಪಾದವು. ಮಗಳು ಹೇಳಿದ ಉಳಿದ ನಾಲ್ಕು ಮಾತನ್ನು ನಾನಿಲ್ಲಿ ಬರೆಯುವುದಿಲ್ಲ.

ನಮ್ಮ ಕಡೆ ಇದು ಕಣ್ಣಿಗೆ ಬೀಳದೆ ಹೋಗುವುದಕ್ಕೆ ಒಂದು ಕಾರಣವಿದೆ, ಅದನ್ನು ಬಿಚ್ಚಿ ಹೇಳುವುದೇ ಒಳ್ಳೆಯದು. ಅಕ್ಕನ ಮಗಳನ್ನು ಸೋದರಮಾವನಿಗೆ ಕೊಡುವ ಪದ್ಧತಿ ನಮ್ಮಲ್ಲಿ ಹಿಂದಿನಿಂದ ಇದೆ. ಹಾಗಾಗಿ ಹುಡುಗಿ ತೊಟ್ಟಿಲಲ್ಲಿದ್ದಾಗಲೇ "ನಿನ್ನ ಗಂಡ ಬಂದ ನೋಡು" ಎಂದು ಮಾವನನ್ನು ತೋರಿಸಿ ನಗುತ್ತೇವೆ. ಜಡೆ ಎಳೆದರೆ "ಮಾವ ಅಲ್ಲೇನು, ಚ್ಯಾಷ್ಟಿ ಮಾಡ್ತಾನ" ಅನ್ನುತ್ತೇವೆ. ಒಳ್ಳೆಯ ಮಾವಂದಿರೇ ಹೆಚ್ಚು, ಅಕ್ಕನ ಮಕ್ಕಳಿಗಾಗಿ ಹೊಲ ಮಾರಿದವರನ್ನೂ ನಾನು ಕಂಡಿದ್ದೇನೆ. ಆದರೆ ಕೆಟ್ಟವನೊಬ್ಬನಿದ್ದರೆ ಈ ಚ್ಯಾಷ್ಟಿಯ ಹೆಸರೇ ಅವನಿಗೆ ಕೊಡೆಯಾಗುತ್ತದೆ. ಹುಡುಗಿ ಅಳುತ್ತಾ ಬಂದರೂ ಮನೆಯವರು ನಗುತ್ತಾರೆ. ಎರಡು ಸಲ ಹಾಗೆ ನಕ್ಕರೆ ಮೂರನೆಯ ಸಲ ಅವಳು ಹೇಳುವುದಿಲ್ಲ.

ಗೆಳತಿ ಆ ರಾತ್ರಿ ಅಣ್ಣನಿಗೆ ಫೋನು ಮಾಡಿದಳು. ನಾನು ಪಕ್ಕದಲ್ಲೇ ಇದ್ದೆ. "ಅಣ್ಣಾ, ನಲವತ್ತ ಮಂದಿಗಷ್ಟ ಬಿಡ್ತಾರಂತ. ನೀ ಬ್ಯಾರೆ ತಾಲ್ಲೂಕು ದಾಟಿ ಬರಬೇಕು, ದಾರ್ಯಾಗ ಪೊಲೀಸರು. ಬರಬ್ಯಾಡ ಬಿಡು" ಎಂದಳು. "ಆತವ್ವ, ಫೋನಿನ್ಯಾಗ ನೋಡ್ತೀನಿ" ಎಂದ ಅವನು, ಮುಯ್ಯಿ ಎಂದು 5,000 ರೂಪಾಯಿ ಕಳಿಸಿದ. ಲಗ್ನದಲ್ಲಿ ಚಿಗವ್ವನ ಮಗ ಬಾಸಿಂಗ ಕಟ್ಟಿದ. ಸಂಬಂಧದಲ್ಲಿ ಅವನೂ ಗೆಳತಿಗೆ ತಮ್ಮನೇ, ಮದುಮಗಳಿಗೆ ಮಾವನೇ. ಊರವರು ಎಲ್ಲಾ ಕೊರೊನಾ ಅಂದುಕೊಂಡರು.

ನೆಪ ಹೇಳಿದ್ದು ಸರಿಯೇ ಎಂದು ಕೇಳುವವರಿರಬಹುದು. ಮೂರು ದಿನದಲ್ಲಿ ಲಗ್ನ, ಮನೆಯಲ್ಲಿ ಮಗಳ ಕೈಗೆ ಅರಿಶಿಣ ಹಚ್ಚಿ ಕೂಡಿಸಿದ್ದಾರೆ. ಆಗ ಪಂಚಾಯ್ತಿ ಕೂಡಿಸಲು ಹೋಗಿದ್ದರೆ ನಾಲಗೆಗಳೆಲ್ಲ ತಿರುಗುತ್ತಿದ್ದದ್ದು ಆ ಹುಡುಗಿಯ ಕಡೆಗೇ. ನನಗೇನೋ ಆ ನೆಪ ಸರಿಯಾಗಿಯೇ ಕಂಡಿತು. ಅದೇ ನಲವತ್ತರ ನೆಪ ಚಿಗವ್ವನನ್ನು ಬಿಡುವುದಕ್ಕೂ ಒದಗಿತ್ತು, ಇವನನ್ನು ಬಿಡುವುದಕ್ಕೂ ಒದಗಿತು.

ಆದರೆ ನೆಪಕ್ಕೆ ಆಯುಷ್ಯ ಕಡಿಮೆ. 2022ರ ಮಾರ್ಚ್ 31ಕ್ಕೆ ಕೇಂದ್ರ ಸರ್ಕಾರದ ಆ ಕಟ್ಟಳೆಗಳು ಮುಗಿದವು. ಹಂದರಗಳು ಮತ್ತೆ ದೊಡ್ಡವಾದವು. ಈಚೆಗೆ ಗೆಳತಿಯ ಎರಡನೆಯ ಮಗಳ ಲಗ್ನ ಕೂಡಿ ಬಂತು. ನಿಶ್ಚಯದ ದಿನವೇ ಗೆಳತಿಯ ಮಾವನವರು ಏನೂ ಅರಿಯದೆ ಫೋನು ಹಚ್ಚಿ, "ಹಿರೇ ಮಗಳ ಲಗ್ನಕ್ಕ ಬರಾಕ ಆಗಲಿಲ್ಲ, ಈ ಸಲ ನೀನ ಮುಂದ ನಿಂದ್ರಬೇಕು" ಎಂದು ಅಣ್ಣನನ್ನು ಕರೆದುಬಿಟ್ಟರು. ಹಿರಿಯ ಮಗಳು ಸುದ್ದಿ ಕೇಳಿ, "ಆಂವ ಬಂದ್ರ ನಾ ತಂಗಿ ಲಗ್ನಕ್ಕ ಬರಂಗಿಲ್ಲ" ಎಂದು ಗಂಡನ ಮನೆಯಿಂದ ಹೇಳಿ ಕಳಿಸಿದಳು. ಈ ಸಲ 40 ಇಲ್ಲ, ಪೊಲೀಸರಿಲ್ಲ. ಅಣ್ಣನೋ, ಮಗಳೋ?

ನನ್ನ ಹತ್ತಿರ ಬಂದು ಕುಳಿತಳು. ನಾನೇನೂ ದೊಡ್ಡ ಬುದ್ಧಿವಂತೆಯಲ್ಲ, ಓದಿದ್ದು ಹೈಸ್ಕೂಲು. ಆದರೆ ಒಂದು ಸಂಗತಿಯಲ್ಲಿ ನನಗೆ ಅನುಮಾನವಿರಲಿಲ್ಲ. ಲಗ್ನದ ಮನೆಯಿಂದ ಒಬ್ಬರನ್ನು ದೂರ ಇಡಲು ಕಾರಣ ಎಂಥದ್ದಿರಬೇಕು? ಹೊಲದ ಬದುವಿನ ಜಗಳ, ಮುಯ್ಯಿ ಕಡಿಮೆ ಹಾಕಿದ್ದು, ನಾಲ್ಕು ಜನರ ಮುಂದೆ ಆಡಿದ ಹಗುರ ಮಾತು, ಇವಕ್ಕೆಲ್ಲ ಕರೆ ವಾಪಸ್ಸು ತಗೊಳ್ಳುವುದು ಸಣ್ಣತನ. ಅಂಥವರು ಬಂದು ಉಂಡು ಹೋಗಲಿ. ಕುಡಿದು ಬರುವವನಿಗೂ ಒಂದು ಉಪಾಯವಿದೆ. ಅವನಿಗೆ ಹೆದರದ ಇಬ್ಬರು ಗಂಡುಹುಡುಗರನ್ನು ಪಕ್ಕಕ್ಕೆ ಹಚ್ಚಿದರೆ ಮುಹೂರ್ತ ದಾಟುತ್ತದೆ. ಆದರೆ ಒಬ್ಬ ಮನುಷ್ಯ ಬಂದು ಕುಳಿತರೆ ಮನೆಯ ಹೆಣ್ಣುಮಗಳು ನಿರ್ಭಯವಾಗಿ ಅಂಗಳದಲ್ಲಿ ಓಡಾಡಲಾರಳು ಎಂದಾದರೆ, ಅವನು ಅಣ್ಣನಾಗಲಿ ಅಪ್ಪನಾಗಲಿ, ಹೊರಗಿರಬೇಕು. ಲಗ್ನದ ಮನೆಯಲ್ಲಿ ಎಷ್ಟು ಸಣ್ಣ ಹುಡುಗಿಯರು ಓಡಾಡುತ್ತಾರೆ, ರಾತ್ರಿ ಎಲ್ಲೆಲ್ಲಿ ಸಾಲಾಗಿ ಮಲಗುತ್ತಾರೆ, ನಿಮಗೇ ಗೊತ್ತು.

"ಫೋನಿನಾಗ ಹೇಳಬ್ಯಾಡ, ಹೋಗಿ ಹೇಳು. ಒಬ್ಬಾಕೀನ ಹೋಗಬ್ಯಾಡ, ನಿನ್ನ ಗಂಡನ್ನ ಕರಕೊಂಡು ಹೋಗು" ಎಂದೆ. ಗಂಡನಿಗೆ ಅಲ್ಲಿಯ ತನಕ ಗೊತ್ತಿರಲಿಲ್ಲ. ಮಗಳನ್ನು ಕೇಳಿಕೊಂಡೇ ಗೆಳತಿ ಅವನಿಗೆ ಹೇಳಿದಳು. ನಾಲ್ಕು ದಿನ ಅವನು ಯಾರೊಂದಿಗೂ ಮಾತಾಡಲಿಲ್ಲ. ಐದನೆಯ ದಿನ ಬೆಳಿಗ್ಗೆ "ನಡಿ" ಎಂದ.

ತವರುಮನೆಯ ಪಡಸಾಲೆಯಲ್ಲಿ ನಿಂತೇ ಹೇಳಿದಳಂತೆ. ಚಹಾ ಮುಟ್ಟಲಿಲ್ಲ. "ಅಣ್ಣಾ, ನಮ್ಮ ಮಾವನೋರು ನಿನ್ನ ಕರದಾರ. ಆ ಕರಿ ನಾ ವಾಪಸ್ ತಗೊಳ್ಳಾಕ ಬಂದೀನಿ. ನೀ ನಮ್ಮ ಲಗ್ನಕ್ಕ ಬರಬ್ಯಾಡ. ಯಾಕಂತ ನಿನಗ ಗೊತ್ತು."

ಅವನು ಮೊದಲು ನಕ್ಕ. ಆಮೇಲೆ ಗದರಿದ. ಮಾವನಿಲ್ಲದೆ ಲಗ್ನ ಹೇಗಾಗುತ್ತದೆ ನೋಡುತ್ತೇನೆ, ತವರಿನ ಬಾಗಿಲು ಇವತ್ತಿಗೆ ಮುಚ್ಚಿತು ಎಂದ. 70 ದಾಟಿದ ತಾಯಿ, "ಮುಗದು ಹೋದದ್ದು ಯಾಕ ಎತ್ತತಿ ಯವ್ವಾ" ಎಂದು ಅತ್ತಳಂತೆ. ಆ ಒಂದು ಮಾತಿನಿಂದ ಗೆಳತಿಗೆ ಇನ್ನೊಂದು ತಿಳಿಯಿತು, ತಾಯಿಗೆ ಮೊದಲೇ ಗೊತ್ತಿತ್ತು ಎಂದು. ತಿರುಗಿ ಬರುವಾಗ ಬಸ್ಸಿನಲ್ಲಿ ಅವಳು ಅತ್ತದ್ದು ಅಣ್ಣನಿಗಾಗಿ ಅಲ್ಲ.

ಅವರು ಹೊರಟಾಗ ಅತ್ತಿಗೆ ಹಿಂದೆಯೇ ಬಂದಳು. ಲಗ್ನವಾಗಿ ಬಂದಾಗಿನಿಂದ ಎತ್ತಿದ ದನಿ ಕೇಳದ ಹೆಣ್ಣು. ಗೆಳತಿಯ ಹಣೆಗೆ ಕುಂಕುಮ ಹಚ್ಚಿ, ಮೆಲ್ಲಗೆ, "ನನ್ನ ಮಗಳನ್ನ ಲಗ್ನಕ್ಕ ಕಳಸ್ತೀನಿ, ನಾಲ್ಕು ದಿನ ಇಟಗೋರಿ. ಆಕಿ ಗೆಳತ್ಯಾರು ನಮ್ಮ ಮನೀಗೆ ಬರೂದು ಬಿಟ್ಟು ಎರಡು ವರ್ಷಾತು" ಎಂದಳಂತೆ.

ಇದನ್ನು ಓದುತ್ತಾ ಯಾರಿಗಾದರೂ ತಮ್ಮ ಮನೆಯ ಸಂಗತಿ ನೆನಪಾಗಿದ್ದರೆ ಅವರಿಗಾಗಿ ಎರಡು ವಿಷಯ ಬರೆಯುತ್ತೇನೆ. 2012ರ ನವೆಂಬರ್ 14ರಿಂದ ಪೋಕ್ಸೊ ಎಂಬ ಕಾಯ್ದೆ ಜಾರಿಯಲ್ಲಿದೆ. 18 ತುಂಬದ ಹುಡುಗ ಹುಡುಗಿಯರ ಮೈಮೇಲೆ ಕೈ ಮಾಡಿದವರಿಗೆ ಅದರಲ್ಲಿ ಶಿಕ್ಷೆಯಿದೆ, ಮಾಡಿದವನು ಮನೆಯ ಸಂಬಂಧಿಕನಾದರೆ ಶಿಕ್ಷೆ ಇನ್ನೂ ಹೆಚ್ಚು. ತಿಳಿದವರು ಪೊಲೀಸರಿಗೆ ತಿಳಿಸಬೇಕು, ಮುಚ್ಚಿಡುವುದೂ ಅದರಲ್ಲಿ ತಪ್ಪು. ಮನೆಯ ಮರ್ಯಾದೆ ಎಂದು ಸುಮ್ಮನಿದ್ದ ಅಜ್ಜಿಯಂದಿರಿಗೂ ಇದು ಗೊತ್ತಿರಲಿ. ಮಕ್ಕಳ ಸಹಾಯವಾಣಿ 1098, ಹಗಲು ರಾತ್ರಿ ಯಾವಾಗ ಬೇಕಾದರೂ ಫೋನು ಹಚ್ಚಬಹುದು, ದುಡ್ಡು ಬೀಳುವುದಿಲ್ಲ. ಹೆಣ್ಣುಮಕ್ಕಳಿಗೆ 181 ಇದೆ. ಅಣ್ಣನ ಮಗಳು ಲಗ್ನಕ್ಕೆಂದು ಬಂದಾಗ ಗೆಳತಿಯ ಹಿರಿಯ ಮಗಳೇ ಅವಳನ್ನು ಪಕ್ಕದಲ್ಲಿ ಕೂಡಿಸಿಕೊಂಡು ಮಾತಾಡಿದಳು. ತನಗೇನೂ ಆಗಿಲ್ಲ ಎಂದು ಆ ಹುಡುಗಿ ಹೇಳಿದಳು. ಆದರೂ 1098 ಎಂದು ಅವಳ ನೋಟ್‌ಬುಕ್ಕಿನ ಹಿಂಬದಿಯಲ್ಲಿ ಬರೆದುಕೊಟ್ಟು, ಗೆಳತಿಯರಿಗೂ ಹೇಳು ಎಂದು ಕಳಿಸಿದ್ದಾಳೆ.

ಲಗ್ನಕ್ಕೆ 700 ಜನ. ನಾವು ಹೆದರಿದ ಹಾಗೆಯೇ "ಸೋದರಮಾವ ಎಲ್ಲಿ? ಸೋದರಮಾವ ಎಲ್ಲಿ?" ಎಂದು ಬೀಗರ ಕಡೆಯ ಹೆಂಗಸರು ಶುರು ಮಾಡಿದರು. ಮೈಗೆ ಆರಾಮಿಲ್ಲ ಎಂದು ಹೇಳಿಬಿಡೋಣವೇ ಎಂದು ಯಾರೋ ಗೆಳತಿಯ ಕಿವಿಯಲ್ಲಿ ಉಸುರಿದರು. ಅವಳು ತಲೆ ಅಲ್ಲಾಡಿಸಿ, "ನಾವ ಬರಬ್ಯಾಡ ಅಂದೀವ್ರಿ" ಎಂದಳು. ಅದರ ಮೇಲೆ ಒಂದು ಮಾತಿಲ್ಲ. ಯಾಕೆ ಏನು ಎಂದು ಮತ್ತೆ ಇಬ್ಬರು ಕೇಳಿದರು, ಅದೇ ಉತ್ತರ. ಮೂರನೆಯವರು ಕೇಳಲಿಲ್ಲ. ಹೆಚ್ಚಿಗೆ ಹೇಳದಿದ್ದರೆ ಹೆಚ್ಚಿಗೆ ಕೇಳುವುದೂ ಕಷ್ಟ, ಇದನ್ನು ನಾನು ಆ ದಿನ ಅವಳಿಂದ ಕಲಿತೆ.

ಬಾಸಿಂಗವನ್ನು ಈ ಸಲವೂ ಚಿಗವ್ವನ ಮಗನೇ ಕಟ್ಟಿದ. ಟ್ರ್ಯಾಕ್ಟರ್ ಹೊಡೆಯುವ ಗಟ್ಟಿ ಕೈ, ಅಷ್ಟು ಜನರ ಮುಂದೆ ನಡುಗಿ ಗಂಟು ಎರಡು ಸಲ ಬಿಚ್ಚಿತು. ಚಿಗವ್ವ ಎಂದಿನಂತೆ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಇಬ್ಬರು ಮೊಮ್ಮಕ್ಕಳೂ ಹೋಗಿ ಕೈಹಿಡಿದು ಕರೆತಂದರು. ಅಯ್ಯನವರು ಒಂದು ಗಳಿಗೆ ನೋಡಿ, ಅಕ್ಕಿಕಾಳಿನ ತಟ್ಟೆಯನ್ನು ತಾವೇ ಮುಂದೆ ಹಿಡಿದರು.

ಲಗ್ನ ಮುಗಿದು ಹಂದರ ಬಿಚ್ಚಿದ ಮೇಲೆ ನಾನೂ ಗೆಳತಿಯೂ ಮುಯ್ಯಿ ಪುಸ್ತಕ ಹಿಡಿದು ಕುಳಿತೆವು. ಹಿರಿಯ ಮಗಳ ಲಗ್ನಕ್ಕೆ ಬಂದ 5,000 ರೂಪಾಯಿ ಅಣ್ಣನ ಹೆಸರಿನಲ್ಲಿ ಹಾಗೇ ನಿಂತಿತ್ತು. ಅದನ್ನು ಮರುದಿನ ವಾಪಸ್ಸು ಕಳಿಸಿ, ಮುಟ್ಟಿತು ಎಂದು ಬರೆದು ಆ ಸಾಲಿಗೆ ಗೀಟು ಎಳೆದಳು. ಕೆಳಗೆ ಅತ್ತಿಗೆಯ ಹೆಸರಿನಲ್ಲಿ ಹೊಸದೊಂದು ಸಾಲು ತೆರೆದಿದ್ದಾಳೆ: ಒಂದು ಇಳಕಲ್ ಸೀರೆ, 101 ರೂಪಾಯಿ, ಮಗಳ ಕೈಯಲ್ಲಿ ಬಂದದ್ದು.